ಮೈಸೂರಿನ ಹಳೇ ಪೇಟೆ: ನಮಗಷ್ಟೇ ಒಬ್ಬ ಗೈಡ್ ಇದ್ದ ನಡಿಗೆ

ಮೈಸೂರಿಗೆ ಬಂದವರು ಅರಮನೆ ನೋಡಿ, ಚಾಮುಂಡಿ ಬೆಟ್ಟ ಹತ್ತಿ ವಾಪಸ್ ಹೋಗಿಬಿಡುತ್ತಾರೆ. ಊರಿನ ನಡುವಿನ ಬೀದಿಗಳನ್ನು ನಡೆದೇ ನೋಡಬೇಕು. ನಾವು ಮನೆಯವರಿಗಷ್ಟೇ ಅಂತ ಗೈಡ್ ಗೊತ್ತು ಮಾಡಿಕೊಂಡಿದ್ದೆವು. ಗುಂಪಿನ ಟೂರ್‌ಗಿಂತ ದುಡ್ಡು ಜಾಸ್ತಿ, ಆದರೆ ಅಮ್ಮನಿಗೆ ಬೇಕಾದಲ್ಲಿ ಕೂರಬಹುದು, ಮಗಳ ಪ್ರಶ್ನೆಗಳಿಗೆಲ್ಲ ಉತ್ತರ ಸಿಗುತ್ತೆ, ಯಾರೂ ಅವಸರ ಮಾಡಲ್ಲ.

ದೊಡ್ಡ ಗಡಿಯಾರದ ಹತ್ತಿರ ಶುರು ಮಾಡಿದೆವು. ನಾಲ್ವಡಿ ಕೃಷ್ಣರಾಜ ಒಡೆಯರ ಆಳ್ವಿಕೆಯ ಬೆಳ್ಳಿಹಬ್ಬಕ್ಕೆ ಅರಮನೆ ನೌಕರರು 1927ರಲ್ಲಿ ಕಟ್ಟಿಸಿದ್ದು. ಅದರ ಮುಂದೆ ಎಷ್ಟು ಸಲ ಓಡಾಡಿದ್ದೇನೋ, ಮುಳ್ಳಿನ ಸುತ್ತ ಇರೋದು ಕನ್ನಡ ಅಂಕಿ ಅಂತ ಗೈಡ್ ತೋರಿಸಿದಾಗಲೇ ಗಮನಿಸಿದ್ದು. ಮಗಳು ಒಂದೊಂದನ್ನೇ ಜೋರಾಗಿ ಓದಿದಳು. ತುಂಬಾ ಖುಷಿಯಾಯ್ತು.

ಅಲ್ಲಿಂದ ದೇವರಾಜ ಮಾರುಕಟ್ಟೆ. ಕುಂಕುಮದ ರಾಶಿ, ನಂಜನಗೂಡು ರಸಬಾಳೆ, ಮೊಳದ ಲೆಕ್ಕದಲ್ಲಿ ಮಲ್ಲಿಗೆ. ಹೂ ಕಟ್ಟುವವರ ಬೆರಳು ಎಷ್ಟು ಚುರುಕು ಅಂದರೆ, ನಾರು ಸುತ್ತಿ ಗಂಟು ಹಾಕೋದು ಕಣ್ಣಿಗೇ ಕಾಣಲ್ಲ! 2016ರಲ್ಲಿ ಈ ಕಟ್ಟಡದ ಒಂದು ಭಾಗ ಕುಸಿದಿದ್ದನ್ನೂ, ಉಳಿಸಬೇಕೋ ಕೆಡವಬೇಕೋ ಎಂಬ ಜಗಳವನ್ನೂ ಗೈಡ್ ಮುಚ್ಚುಮರೆಯಿಲ್ಲದೆ ಹೇಳಿದರು. ಅದು ನನಗೆ ಬಹಳ ಇಷ್ಟವಾಯ್ತು. ಇಂಥ ಜಾಗ ಉಳಿಯಲೇಬೇಕು, ಅಲ್ವಾ?

ಬೇಸರ ಒಂದೇ. ಕೊನೆಗೆ ನಾವು ಕೇಳದಿದ್ದರೂ ರೇಷ್ಮೆ ಸೀರೆ ಅಂಗಡಿಗೆ ಕರೆದೊಯ್ದರು, ಜಗನ್ಮೋಹನ ಅರಮನೆಗೆ ಟೈಮೇ ಉಳಿಯಲಿಲ್ಲ. ಬುಕ್ ಮಾಡುವಾಗಲೇ 'ಅಂಗಡಿ ಬೇಡ' ಅಂತ ಖಡಾಖಂಡಿತವಾಗಿ ಹೇಳಿಬಿಡಿ. ಬೆಳಗ್ಗೆ ಬೇಗ ಹೊರಡಿ, ಬಿಸಿಲೇರಿದ ಮೇಲೆ ಸಯ್ಯಾಜಿರಾವ್ ರಸ್ತೆ ದಾಟೋದೇ ಕಷ್ಟ.