ಟೊಲೇಡೊನಾ, ಸೆಗೋವಿಯಾನಾ?

ಸ್ಪೇನಿನ ಮ್ಯಾಡ್ರಿಡ್‌ನಿಂದ ಒಂದೇ ದಿನದಲ್ಲಿ ಹೋಗಿಬರಲು ಈ ಎರಡು ಊರುಗಳಲ್ಲಿ ಯಾವುದು ಅಂತ ಕೇಳಿದ್ದೀರಿ. ವೇಗದ ರೈಲಿನಲ್ಲಿ ಎರಡಕ್ಕೂ ಅರ್ಧ ಗಂಟೆ ಆಸುಪಾಸು. ಸೆಗೋವಿಯಾದ ಆ ಸ್ಟೇಷನ್ ಮಾತ್ರ ಊರಾಚೆ ಇದೆ, ಇಳಿದು ಬಸ್ ಹಿಡಿಯಬೇಕು.

ಖರ್ಚು ಕಡಿಮೆ ಇರಲಿ ಅಂದರೆ ಸೆಗೋವಿಯಾ. ಊರಿಗೆ ನೀರು ತರಲು ರೋಮನ್ನರು ಕಟ್ಟಿದ ಮೇಲ್ಗಾಲುವೆ ಊರ ನಡುವೆಯೇ ನಿಂತಿದೆ, ಟಿಕೆಟ್ಟೇ ಇಲ್ಲ. ಸುಮಾರು 28 ಮೀಟರ್ ಎತ್ತರ, ಗಾರೆ ಇಲ್ಲದೆ ಬರೀ ಗ್ರಾನೈಟ್ ಕಲ್ಲು ಜೋಡಿಸಿದ್ದು! ಹತ್ತಿರ ಹೋದರೆ, ಕಲ್ಲನ್ನು ಇಕ್ಕಳದಲ್ಲಿ ಹಿಡಿದೆತ್ತಲು ಕೊರೆದ ಕುಳಿಗಳೂ ಕಾಣುತ್ತವೆ.

ಟೊಲೇಡೊದ ಮಜಾ ಕಟ್ಟಡಗಳ ಒಳಗೆ. ಹೆಚ್ಚಿನ ಕಡೆ ಬೇರೆ ಬೇರೆ ಟಿಕೆಟ್. ಆದರೆ ಕ್ರಿ.ಶ. 999ರ ಮಸೀದಿ, 1226ರಲ್ಲಿ ಶುರುವಾದ ಕೆಥೆಡ್ರಲ್ ಎಲ್ಲ ನಡಿಗೆಯ ದೂರದಲ್ಲೇ. ಸಾಂತಾ ಮರಿಯಾ ಲಾ ಬ್ಲಾಂಕಾ ನೋಡಿ: ಹೆಸರು ಚರ್ಚಿನದು, ಕಟ್ಟಿದ್ದು ಯಹೂದಿಗಳ ಪ್ರಾರ್ಥನೆಗೆ, ಒಳಗಿನ ಬಿಳಿ ಲಾಳದಾಕಾರದ ಕಮಾನುಗಳು ಮಸೀದಿಯವೇ ಅನ್ನಿಸುತ್ತವೆ. ಇತಿಹಾಸದ ಹುಚ್ಚಿದ್ದರೆ ಟೊಲೇಡೊಗೇ ಹೋಗಿ.

ಮಂಡಿನೋವಿನ ಹಿರಿಯರು ಜೊತೆಗಿದ್ದರೆ ಟೊಲೇಡೊದ ಏರು ಗಲ್ಲಿಗಳು ಕಷ್ಟ. ಬೇಸಿಗೆಯಲ್ಲಂತೂ ಬಿಸಿಲು ಜಾಸ್ತಿ. ಸುಮಾರು 1,000 ಮೀಟರ್ ಎತ್ತರದ ಸೆಗೋವಿಯಾ ಆಗ ವಾಸಿ. ಮಕ್ಕಳಿಗೂ ಬಂಡೆಯ ತುದಿಯ ಅಲ್ಕಾಸರ್ ಕೋಟೆ ಇಷ್ಟವಾಗುತ್ತದೆ.

ಊಟ? ಸೆಗೋವಿಯಾದಲ್ಲಿ ಹೆಸರಾದದ್ದು ಹಂದಿಮರಿ ರೋಸ್ಟ್. ಸಸ್ಯಾಹಾರಿಗಳಿಗೆ ಟೊಲೇಡೊದ ಬಾದಾಮಿ ಮಿಠಾಯಿಯೇ ಸರಿ, ಅಲ್ವಾ?