ಸಿನಿಮಾ ಲುಕ್ ಪ್ಯಾಕ್ ಕೊಳ್ಳುವ ಮುಂಚೆ ಇದನ್ನೊಮ್ಮೆ ಓದಿ: ನನ್ನ ಕೈಯಲ್ಲಿ ಧಾರೆ ಸೀರೆಯ ಬಣ್ಣವೇ ಕೆಟ್ಟಿತು

ಶಿರಸಿ, ಕುಮಟಾ ಕಡೆ ಮದುವೆ ವಿಡಿಯೊ ಮಾಡುವ ಗೆಳೆಯರೇ, ‘ಒಂದೇ ಕ್ಲಿಕ್, ಸಿನಿಮಾ ಲುಕ್’ ಅಂತ ಮಾರುವ ಲಟ್ (ವಿಡಿಯೊದ ಬಣ್ಣ ಬದಲಿಸುವ ರೆಡಿಮೇಡ್ ಫೈಲ್) ಪ್ಯಾಕ್‌ಗಳಿಗೆ ಸುಮ್ನೆ ದುಡ್ಡು ಕಟ್ಟಬೇಡಿ. ನಾನು 1,499 ರೂಪಾಯಿ ಕಟ್ಟಿದೆ. ದುಡ್ಡು ಹೋದದ್ದು ದೊಡ್ಡದಲ್ಲ. ಒಂದು ಮನೆಯವರ ಮದುವೆ ನೆನಪನ್ನು ಕೆಡಿಸಿ ಕೊಟ್ಟೆ, ಅದು ಇನ್ನೂ ಚುಚ್ಚುತ್ತದೆ.

ಶಿರಸಿ ಹತ್ತಿರದ ಹಳ್ಳಿಮನೆ ಮದುವೆ. ಅಂಗಳದಲ್ಲಿ ಚಪ್ಪರ, ಅದರ ಮೇಲೆ ನೀಲಿ ತಾಡಪತ್ರಿ, ಮನೆ ಸುತ್ತ ಅಡಿಕೆ ತೋಟ. ಮರುದಿನ ಸಂಜೆ ಗೋಕರ್ಣದ ಓಂ ಬೀಚಿನಲ್ಲಿ ಜೋಡಿಯ ಶೂಟ್. ಮದುವೆಯನ್ನು ಕ್ಯಾಮೆರಾದ ಮಾಮೂಲಿ ಪ್ರೊಫೈಲ್‌ನಲ್ಲೇ (ಬಣ್ಣದ ಸೆಟ್ಟಿಂಗ್) ತೆಗೆದಿದ್ದೆ. ಬೀಚಿನದ್ದನ್ನು ಎಸ್-ಲಾಗ್3ರಲ್ಲಿ ತೆಗೆದೆ, ಅಂದರೆ ಬಣ್ಣವನ್ನು ಆಮೇಲೆ ಎತ್ತಿಕೊಳ್ಳಲೆಂದು ಮಂಕಾಗಿ ತೆಗೆಯುವ ಸೋನಿಯ ಲಾಗ್ ಪ್ರೊಫೈಲ್. ನನ್ನದು ಹಳೇ ಕ್ಯಾಮೆರಾ, ಬರೇ 8 ಬಿಟ್.

ಆ ವಾರವೇ ಫೋನಿನಲ್ಲಿ ಜಾಹೀರಾತು ಬಂತು. ಹಿಮ ಬಿದ್ದ ಊರು, ಉದ್ದ ಕೋಟು ಹಾಕಿದವರು, ಅರ್ಧ ಪರದೆಯಲ್ಲಿ ಮಂಕು ಚಿತ್ರ, ಇನ್ನರ್ಧದಲ್ಲಿ ಥೇಟ್ ಸಿನಿಮಾ. ಯಾವ ಕ್ಯಾಮೆರಾದ ಫೂಟೇಜು, ಯಾವ ಲಾಗ್, ಒಂದೂ ಬರೆದಿರಲಿಲ್ಲ. ನಾನೂ ಕೇಳಲಿಲ್ಲ. ರಾತ್ರಿ ಕೂತು ಇಡೀ ಟೈಮ್‌ಲೈನ್‌ಗೆ ಒಂದೇ ಲಟ್ ಹಾಕಿದೆ. ಸ್ವಲ್ಪ ಗಾಢ ಅನ್ನಿಸಿತು. ಸಿನಿಮಾ ಅಂದರೆ ಹೀಗೇ ಇರುತ್ತದೆ ಅಂದುಕೊಂಡು ಎಕ್ಸ್‌ಪೋರ್ಟ್ ಕೊಟ್ಟು ಮಲಗಿದೆ.

ಪೆನ್‌ಡ್ರೈವ್ ಕೊಡಲು ಹೋದ ದಿನ ಅವರ ಮನೆ ಜಗಲಿಯಲ್ಲಿ ಟಿವಿ ಹಾಕಿದರು. ಅಕ್ಕಪಕ್ಕದ ಮನೆಯವರೂ ಬಂದಿದ್ದರು. ಅರಿಶಿನ ಹಚ್ಚುವ ಶಾಟ್ ಬಂತು. ಹುಡುಗಿಯ ಕೆನ್ನೆ ಇಟ್ಟಿಗೆ ಬಣ್ಣಕ್ಕೆ ತಿರುಗಿತ್ತು. ಮಾವಿನೆಲೆ ತೋರಣ ಒಣಗಿದಂತೆ ಕಂದು. ಗಂಡಸರ ಕಪ್ಪು ತಲೆಗೂದಲು ಒಂದೇ ಮಸಿ ಮುದ್ದೆ. ಗಿಳಿಹಸಿರು ಧಾರೆ ಸೀರೆ ನವಿಲುಗರಿ ನೀಲಿಗೆ ಹೊರಳಿತ್ತು. ಹುಡುಗಿಯ ಆಯಿ ಟಿವಿ ಹತ್ತಿರ ಹೋಗಿ ನೋಡಿದರು. ನನ್ನ ಕಡೆ ತಿರುಗಿ, ‘ತಮಾ, ಧಾರೆ ಸೀರೆ ಹಿಂಗಿತ್ತನಾ?’ ಅಂದರು. ಬೈಯಲಿಲ್ಲ. ನನಗೆ ಬಾಯಿ ಕಟ್ಟಿತು.

ಆಗಿದ್ದೇನು ಅಂತ ಆಮೇಲೆ ಗೊತ್ತಾಯಿತು. ಲಟ್ ಅಂದರೆ ಒಂದು ಲೆಕ್ಕದ ಪಟ್ಟಿ. ಈ ಬಣ್ಣ ಬಂದರೆ ಆ ಬಣ್ಣ ಕೊಡು, ಅಷ್ಟೇ. ಎದುರಿಗಿರುವುದು ಮುಖವೋ ಮಾವಿನೆಲೆಯೋ ಅದಕ್ಕೆ ತಿಳಿಯುವುದಿಲ್ಲ. ನಾನು ಕೊಂಡದ್ದು ಲಾಗ್ ಫೂಟೇಜಿಗೆ ಮಾಡಿದ್ದು. ಲಾಗ್ ಚಿತ್ರ ಮೊದಲೇ ಮಂಕು, ಬಣ್ಣ ಕಡಿಮೆ, ಅದಕ್ಕೇ ಲಟ್ ಅದನ್ನು ಜೋರಾಗಿ ಎತ್ತುತ್ತದೆ. ಮಾಮೂಲಿ ಪ್ರೊಫೈಲ್‌ನಲ್ಲಿ ಆ ಕೆಲಸವನ್ನು ಕ್ಯಾಮೆರಾವೇ ಮಾಡಿ ಮುಗಿಸಿರುತ್ತದೆ. ಅದರ ಮೇಲೆ ಮತ್ತೊಮ್ಮೆ ಎತ್ತಿದರೆ ನೆರಳು ಮಸಿಯಾಗುತ್ತದೆ, ಚರ್ಮ ಕೆಂಪೇರುತ್ತದೆ. ಸಾಲದ್ದಕ್ಕೆ ಆ ಪ್ಯಾಕು ಹಸಿರನ್ನೆಲ್ಲ ನೀಲಿ ಕಡೆಗೋ ಕಂದು ಕಡೆಗೋ ಎಳೆಯುತ್ತಿತ್ತು. ಹಿಮದ ಊರಿಗೆ ಅದು ಚೆಂದವೇ ಇರಬಹುದು. ನಮ್ಮಲ್ಲಿ ಕ್ಯಾಮೆರಾ ಎತ್ತ ತಿರುಗಿಸಿದರೂ ಹಸಿರು, ಅಲ್ವಾ? ತಾಡಪತ್ರಿಯ ನೀಲಿ ಬೆಳಕು ಮುಖದ ಮೇಲೆ ಬಿದ್ದಿತ್ತು, ಅದನ್ನೂ ನಾನು ಮೊದಲು ಸರಿ ಮಾಡಿರಲಿಲ್ಲ.

ಓಂ ಬೀಚಿನದ್ದು ಲಾಗ್ ಆಗಿದ್ದರೂ ಉಳಿಯಲಿಲ್ಲ. 8 ಬಿಟ್‌ನಲ್ಲಿ ಒಂದೊಂದು ಬಣ್ಣಕ್ಕೆ 256 ಮೆಟ್ಟಿಲು, 10 ಬಿಟ್‌ನಲ್ಲಿ 1024. ಎಸ್-ಲಾಗ್3 ಸೂರ್ಯನ ಬೆಳಕಿನಿಂದ ಬಂಡೆಯ ನೆರಳಿನವರೆಗೆ ಎಲ್ಲವನ್ನೂ ಆ 256ರೊಳಗೇ ತುರುಕುತ್ತದೆ. ಅದನ್ನು ಲಟ್ ಎಳೆದಾಗ ಸಂಜೆ ಆಕಾಶದಲ್ಲಿ ಪಟ್ಟೆ ಪಟ್ಟೆ ಎದ್ದವು. ಇದಕ್ಕೆ ಪೂರ್ತಿ ಮದ್ದಿಲ್ಲ. 8 ಬಿಟ್ ಕ್ಯಾಮೆರಾ ಇದ್ದವರು ಲಾಗ್ ಗೋಜಿಗೆ ಹೋಗದೆ, ಮಾಮೂಲಿ ಪ್ರೊಫೈಲ್‌ನಲ್ಲಿ ಬೆಳಕು ಸರಿಯಾಗಿ ಇಟ್ಟು ತೆಗೆಯುವುದೇ ಒಳ್ಳೆಯದು ಅಂತ ನನ್ನ ಅಭಿಪ್ರಾಯ.

ಮಾರಿದವರಿಗೆ ಬರೆದೆ. ಡೌನ್‌ಲೋಡ್ ಮಾಡಿದ ಮೇಲೆ ಹಣ ವಾಪಸ್ ಇಲ್ಲ ಅಂದರು.

ಇಷ್ಟೆಲ್ಲ ಆದ ಮೇಲೆ ಡಾವಿಂಚಿ ರಿಸಾಲ್ವ್ ಅನ್ನುವ ಎಡಿಟಿಂಗ್ ಸಾಫ್ಟ್‌ವೇರಿನ ಉಚಿತ ಆವೃತ್ತಿಯಲ್ಲಿ ಮೊದಲಿನಿಂದ ಮಾಡಿದೆ. ಬೇಕಾದದ್ದು ಅದರಲ್ಲೇ ಇತ್ತು. ಸಿನಿಮಾ ಪ್ರಿಂಟಿಗೆ ಬಳಸುವ ಕೊಡಾಕ್ 2383 ಫಿಲ್ಮಿನ ಲಟ್ ಕೂಡ ಅದರ ಜೊತೆಗೇ ಬರುತ್ತದೆ. ಆದರೆ ಅದಕ್ಕೂ ಸಿನಿಯಾನ್ ಲಾಗ್ (ಫಿಲ್ಮ್ ಸ್ಕ್ಯಾನ್‌ಗೆ ಮಾಡಿದ ಲಾಗ್) ರೂಪದ ಚಿತ್ರವೇ ಬೇಕು. ಲಟ್‌ಗಿಂತ ಹಿಂದಿನ ನೋಡ್‌ನಲ್ಲಿ, ಅಂದರೆ ಮೊದಲ ಹಂತದಲ್ಲಿ, ಕಲರ್ ಸ್ಪೇಸ್ ಟ್ರಾನ್ಸ್‌ಫಾರ್ಮ್ ಅನ್ನುವ ಎಫೆಕ್ಟ್ ಹಾಕಿ ಬದಲಾಯಿಸಿಕೊಂಡೇ ಕೊಡಿ. ನೇರವಾಗಿ ಹಾಕಿದರೆ ನನಗಾದ ಗತಿಯೇ. ಇನ್ನೊಂದು ಎಚ್ಚರಿಕೆ: 2024ರ 19ನೇ ಆವೃತ್ತಿಯಲ್ಲಿ ಬಂದ ಫಿಲ್ಮ್ ಲುಕ್ ಕ್ರಿಯೇಟರ್ ಬಗ್ಗೆ ಎಲ್ಲರೂ ಹೊಗಳುತ್ತಾರೆ. ಅದು ದುಡ್ಡು ಕೊಟ್ಟು ತೆಗೆದುಕೊಳ್ಳುವ ‘ಸ್ಟುಡಿಯೊ’ ಆವೃತ್ತಿಯಲ್ಲಿ ಮಾತ್ರ. ಉಚಿತದಲ್ಲಿ ಹಾಕಿದರೆ ಚಿತ್ರದ ಮೇಲೆ ವಾಟರ್‌ಮಾರ್ಕ್ ಬೀಳುತ್ತದೆ. ಗ್ರೇನ್‌ಗೆ (ಫಿಲ್ಮಿನಲ್ಲಿ ಕಾಣುವ ಸಣ್ಣ ಕಾಳು) ಅಂತ ಬೇರೆ ಪ್ಲಗಿನ್ ಕೊಳ್ಳುವವರೂ ಇದ್ದಾರೆ. ನಮ್ಮ ವಿಡಿಯೊಗಳು ಕಡೆಗೆ ಓಡಾಡುವುದು ವಾಟ್ಸಾಪ್‌ನಲ್ಲಿ. ಅಲ್ಲಿ ಫೈಲ್ ಕುಗ್ಗಿದಾಗ ಸಣ್ಣ ಗ್ರೇನ್ ಉಳಿಯುವುದಿಲ್ಲ, ಚೌಕ ಚೌಕವಾಗಿ ಕಲಸಿಹೋಗುತ್ತದೆ.

ಮುಖಕ್ಕೆ ವೆಕ್ಟರ್‌ಸ್ಕೋಪ್ (ಬಣ್ಣ ಅಳೆದು ತೋರಿಸುವ ದುಂಡು ಗ್ರಾಫ್) ನೋಡಿ. ಅದರಲ್ಲಿ ಚರ್ಮದ ಬಣ್ಣಕ್ಕೆ ಒಂದು ಗೆರೆ ಇದೆ. ಬಿಳಿ ಚರ್ಮವಿರಲಿ, ಕಪ್ಪಿರಲಿ, ಹೆಚ್ಚುಕಡಿಮೆ ಅದರ ಆಸುಪಾಸಿನಲ್ಲೇ ಬರುತ್ತದೆ. ಅರಿಶಿನ ಹಚ್ಚಿದ ಮುಖ ಮಾತ್ರ ಹಳದಿ ಕಡೆ ಜರುಗಿರುತ್ತದೆ. ಅದನ್ನು ಗೆರೆಗೆ ಎಳೆಯಲು ಹೋಗಬೇಡಿ, ಅರಿಶಿನವೇ ಮಾಯವಾಗುತ್ತದೆ.

ಪ್ಯಾಕ್ ಕೊಳ್ಳಲೇಬೇಕು ಅಂದರೆ ಮಾರುವವರನ್ನು ಮೊದಲು ಕೇಳಿ: ಇದು ಯಾವ ಲಾಗ್‌ಗೆ ಮಾಡಿದ್ದು? ಒಂದು ಲಟ್ ಮಾದರಿಗೆ ಕೊಡುತ್ತೀರಾ? ಉತ್ತರ ಬರದಿದ್ದರೆ ದುಡ್ಡು ಕಳಿಸಬೇಡಿ. ಮಾದರಿ ಸಿಕ್ಕಿದರೆ ನಿಮ್ಮದೇ ಶಾಟ್ ಮೇಲೆ, ತೋಟದ ಹಸಿರೂ ಮುಖವೂ ಒಟ್ಟಿಗಿರುವ ಶಾಟ್ ಮೇಲೆ ಹಾಕಿ ನೋಡಿ.

ಆ ಮದುವೆಯನ್ನು ಒಂಬತ್ತು ರಾತ್ರಿ ಕೂತು ಮತ್ತೆ ಗ್ರೇಡ್ ಮಾಡಿದೆ, ಹಣ ತೆಗೆದುಕೊಳ್ಳಲಿಲ್ಲ. ಮಾಡುವ ಮುಂಚೆ ಅವರ ಮನೆಗೆ ಹೋಗಿ ಆ ಸೀರೆಯನ್ನೇ ಕೇಳಿದೆ. ಆಯಿ ಒಳಗಿನಿಂದ ತಂದು ಕೊಟ್ಟರು, ಮಡಿಕೆ ಬಿಚ್ಚದೆ. ಕಿಟಕಿ ಹತ್ತಿರ ಹಗಲು ಬೆಳಕಿನಲ್ಲಿ ಲ್ಯಾಪ್‌ಟಾಪ್ ಪಕ್ಕ ಇಟ್ಟುಕೊಂಡು ಮೊದಲು ಆ ಹಸಿರನ್ನು ಸರಿ ಮಾಡಿದೆ. ಉಳಿದದ್ದು ರಾತ್ರಿ ಕೆಲಸ.