ರೂಟ್ ಮಾಡಿದ ಆಂಡ್ರಾಯ್ಡ್‌ಗೆ ವಿಂಡೋಸ್ ಫೋನ್ ರೂಪ: ಎರಡು ವರ್ಷ ಬಳಸಿದ ಮೇಲೆ

2010ರಲ್ಲಿ ಬಂದ ವಿಂಡೋಸ್ ಫೋನ್ ನನಗೆ ಇವತ್ತಿಗೂ ಇಷ್ಟ. ಕಪ್ಪು ಪರದೆ, ಚೌಕ ಟೈಲ್‌ಗಳು, ಅಂಚು ದಾಟಿ ಹೋಗುವ ದೊಡ್ಡ ತೆಳು ಅಕ್ಷರ. 2020ರ ಜನವರಿಯಲ್ಲಿ ಅದರ ಕೊನೆಯ ಆವೃತ್ತಿಗೂ ಬೆಂಬಲ ನಿಂತಿತು. ಹಾಗಾಗಿ ಹಳೆಯ ಆಂಡ್ರಾಯ್ಡ್ ಫೋನೊಂದನ್ನು ಮ್ಯಾಜಿಸ್ಕ್ ಎಂಬ ತಂತ್ರಾಂಶದಿಂದ ರೂಟ್ ಮಾಡಿ, ಅಂದರೆ ಸಿಸ್ಟಮ್‌ನ ಒಳಗನ್ನೂ ಬದಲಿಸುವ ಅಧಿಕಾರ ಪಡೆದು, ಆ ರೂಪಕ್ಕೆ ತಂದೆ. ಎರಡು ವರ್ಷದಿಂದ ದಿನವೂ ಇದೇ ನನ್ನ ಕೈಯಲ್ಲಿದೆ.

ಬರೀ ಟೈಲ್ ಸಾಕೆನ್ನುವವರು ರೂಟ್ ಮಾಡುವ ಅಗತ್ಯವೇ ಇಲ್ಲ. ಸ್ಕ್ವೇರ್ ಹೋಮ್‌ನಂಥ ಲಾಂಚರ್ (ಮುಖಪರದೆಯ ಆಪ್) ಹಾಕಿ ನೋಟಿಫಿಕೇಶನ್ ಓದುವ ಅನುಮತಿ ಕೊಟ್ಟರೆ ಆಯಿತು. ರೂಟ್ ಬೇಕಾಗುವುದು ಅದರಾಚೆಗೆ. ವಿಂಡೋಸ್ ಫೋನಿನಲ್ಲಿ ಬ್ಯಾಕ್ ಬಟನ್ ಒತ್ತಿ ಹಿಡಿದರೆ ತೆರೆದ ಆಪ್‌ಗಳೆಲ್ಲ ಸಾಲಾಗಿ ಬರುತ್ತಿದ್ದವು. ಇಲ್ಲಿ ಒತ್ತಿ ಹಿಡಿದಾಗ ಆಪ್ ಬದಲಿಸುವ ಬಟನ್‌ನ ಸಂಕೇತವಾದ ಕೀ ಕೋಡ್ 187 ಕಳಿಸುವಂತೆ ಮಾಡಿಕೊಂಡೆ. ಬೆರಳಿಗೆ ಹಳೆಯ ಅಭ್ಯಾಸ ಮರಳಿದ್ದು ಆವತ್ತೇ.

ಹೆಚ್ಚು ಕಾಡಿದ್ದು ಫಾಂಟ್. ವಿಂಡೋಸ್ ಫೋನಿನ ಸೆಗೋ ಅಕ್ಷರಗಳಿಗಾಗಿ ಹಾಕಿದ ಮೊದಲ ಮಾಡ್ಯೂಲ್ (ಮ್ಯಾಜಿಸ್ಕ್‌ಗೆ ಸೇರಿಸುವ ಬದಲಾವಣೆಯ ಕಟ್ಟು) ಸಿಸ್ಟಮ್‌ನ ಫಾಂಟ್ ಪಟ್ಟಿಯನ್ನೇ ಬದಲಿಸಿತು. ಕನ್ನಡವೆಲ್ಲ ಖಾಲಿ ಡಬ್ಬಿಗಳಾಯಿತು. ಆ ಪಟ್ಟಿಯನ್ನು ಮುಟ್ಟದೆ, ಆಂಡ್ರಾಯ್ಡ್‌ನ ಇಂಗ್ಲಿಷ್ ಫಾಂಟಾದ ರೋಬೋಟೋ ಫೈಲುಗಳ ಜಾಗದಲ್ಲಿ ಮಾತ್ರ ಅದೇ ಹೆಸರಿನಲ್ಲಿ ಸೆಗೋ ಇಟ್ಟಾಗ ಸರಿಹೋಯಿತು. ಈಗ ಇಂಗ್ಲಿಷಿಗೆ ಸೆಗೋ, ಕನ್ನಡಕ್ಕೆ ಎಂದಿನ ನೋಟೋ. ಎರಡರ ದಪ್ಪ ಹೊಂದುವುದಿಲ್ಲ, ನನ್ನ ಕಣ್ಣಿಗೆ ಅದು ಇನ್ನೂ ಚುಚ್ಚುತ್ತದೆ.

ಫೋನ್ ಆನ್ ಆಗುವಾಗ ಕಾಣುವ ಬೂಟ್ ಅನಿಮೇಶನ್ ಬದಲಿಸಲು ಅದರ ಜಿಪ್ ಫೈಲನ್ನು ಕುಗ್ಗಿಸದೆ ಕಟ್ಟಬೇಕು. ಇದು ತಿಳಿಯದೆ ಒಂದು ಸಂಜೆಯಿಡೀ ಹೋಯಿತು.

ಒಮ್ಮೆ ತಪ್ಪು ಮಾಡ್ಯೂಲ್‌ನಿಂದ ಫೋನ್ ಲೋಗೋದಲ್ಲೇ ಸುತ್ತುತ್ತಾ ನಿಂತಿತು. ಸೇಫ್ ಮೋಡ್‌ನಲ್ಲಿ ಏಳಿಸಿದರೆ ಮ್ಯಾಜಿಸ್ಕ್ ಎಲ್ಲ ಮಾಡ್ಯೂಲ್‌ಗಳನ್ನೂ ನಿಲ್ಲಿಸುತ್ತದೆ, ಫೋನ್ ಉಳಿದದ್ದು ಅದರಿಂದಲೇ. ರೂಟ್‌ಗೂ ಮೊದಲು ಬೂಟ್‌ಲೋಡರ್ (ಫೋನನ್ನು ಏಳಿಸುವ ತಂತ್ರಾಂಶ) ಅನ್‌ಲಾಕ್ ಮಾಡುವಾಗ ಒಳಗಿದ್ದದ್ದೆಲ್ಲ ಅಳಿಸಿಹೋಗುತ್ತದೆ, ಫೋಟೋಗಳನ್ನು ಮೊದಲೇ ಬೇರೆಡೆ ಉಳಿಸಿಕೊಳ್ಳಿ. ಫೋನನ್ನು ತಿದ್ದಿಲ್ಲವೆಂದು ಖಚಿತಪಡಿಸುವ ಗೂಗಲ್‌ನ ಪ್ಲೇ ಇಂಟೆಗ್ರಿಟಿ ಪರೀಕ್ಷೆಯಲ್ಲಿ ಫೋನ್ ಸೋಲುವುದರಿಂದ ಬ್ಯಾಂಕ್ ಆಪ್ ತೆರೆಯುವುದಿಲ್ಲ. ಅದನ್ನು ಮರೆಮಾಚುವ ಉಪಾಯಗಳು ಆಗಾಗ ಕೈಕೊಡುತ್ತವೆ. ಹಣದ ವಿಷಯದಲ್ಲಿ ಆ ಆಟ ಬೇಡವೆನಿಸಿ ಬ್ಯಾಂಕಿಗೆ ರೂಟ್ ಮಾಡದ ಬೇರೆ ಫೋನ್ ಇಟ್ಟುಕೊಂಡಿದ್ದೇನೆ. ಒಂದೇ ಫೋನ್ ಇರುವವರಿಗೆ ಇದನ್ನು ಮಾಡಿ ಎಂದು ಖಂಡಿತ ಹೇಳಲಾರೆ.

ಆಪ್ ತೆರೆದ ಕೂಡಲೇ ಆ ವಿಂಡೋಸ್ ಫೋನ್ ಲೋಕ ಮುಗಿಯುತ್ತದೆ. ಅಲ್ಲಿ ಪಕ್ಕಕ್ಕೆ ಸರಿಸುತ್ತಾ ಓದುತ್ತಿದ್ದಂಥ ಪುಟಗಳು ನಾನು ಬಳಸುವ ಯಾವ ಆಪ್‌ನಲ್ಲೂ ಇಲ್ಲ. ಒಎಲ್‌ಇಡಿ ಪರದೆಯ ಮೇಲೆ ಆ ಕಪ್ಪು ಮಾತ್ರ ಅಂದಿನಷ್ಟೇ ಗಾಢ. ರಾತ್ರಿ ದೀಪ ಆರಿಸಿದ ಮೇಲೆ ಟೈಲ್‌ಗಳು ಗಾಳಿಯಲ್ಲಿ ತೇಲುತ್ತಿರುವಂತೆ ಕಾಣುತ್ತವೆ.